ಹೀ-ಬಾಂಗ್ ತಾತನೂ ನಮ್ಮ ಚಾಮಯ್ಯ ಮೇಷ್ಟ್ರೂ

ದಕ್ಷಿಣ ಕೊರಿಯಾದ ಸೋಲ್‌ಗೆ ಬಂದ ಮೇಲೆ ಇಲ್ಲಿನ ಸಿನಿಮಾಗಳನ್ನು ಜಾಸ್ತಿ ನೋಡುತ್ತಿದ್ದೇನೆ. ಹೀರೋಗಳಿಗಿಂತ ನನಗೆ ಹಿಡಿಸಿದ್ದು ಬ್ಯುನ್ ಹೀ-ಬಾಂಗ್ ಎಂಬ ಪೋಷಕ ನಟ. 1942ರಲ್ಲಿ ಹುಟ್ಟಿ, 2023ರಲ್ಲಿ ತೀರಿಕೊಂಡವರು. 1960ರ ದಶಕದಲ್ಲಿ ಎಂಬಿಸಿ ವಾಹಿನಿಗೆ ಕಂಠದಾನ ಕಲಾವಿದರಾಗಿ ಸೇರಿದರು. ಆಮೇಲೆ ವರ್ಷಗಟ್ಟಲೆ ಟಿವಿಯಲ್ಲಿ ಸಣ್ಣಪುಟ್ಟ ಪಾತ್ರಗಳು, ಪೊಲೀಸ್ ಧಾರಾವಾಹಿಯಲ್ಲಿ ಅಪರಾಧಿ ವೇಷ.

ಅದನ್ನೆಲ್ಲ ನೋಡುತ್ತಾ ಬೆಳೆದ ಬಾಂಗ್ ಜೂನ್-ಹೊ ಮುಂದೆ ನಿರ್ದೇಶಕರಾದರು. 2000ದಲ್ಲಿ ಬಂದ ತಮ್ಮ ಮೊದಲ ಸಿನಿಮಾಕ್ಕೇ ಇವರನ್ನು ಕರೆದರು. ಅಪಾರ್ಟ್‌ಮೆಂಟಿನ ವಾಚ್‌ಮನ್ ಪಾತ್ರ. ನೆಲಮಾಳಿಗೆಯಲ್ಲಿ ಕೂತು ದೆವ್ವದ ಕಥೆ ಹೇಳುತ್ತಾರೆ ನೋಡಿ, ಹೀರೋ ಯಾರೆಂದೇ ಮರೆತುಹೋಗುತ್ತದೆ. ನಂತರ ಬಂದ ಇದೇ ನಿರ್ದೇಶಕರ 'ಮೆಮೊರೀಸ್ ಆಫ್ ಮರ್ಡರ್', 'ದಿ ಹೋಸ್ಟ್', 'ಓಕ್ಜಾ' ಮೂರರಲ್ಲೂ ಅವರ ಪಾತ್ರದ ಹೆಸರು ಹೀ-ಬಾಂಗ್ ಎಂದೇ!

'ದಿ ಹೋಸ್ಟ್'ನಲ್ಲಿ ಅವರದು ಹಾನ್ ನದಿ ದಂಡೆಯ ಗೂಡಂಗಡಿ. ದೊಡ್ಡ ಮಗ ಚಿಕ್ಕವನಿದ್ದಾಗ ಹೊಟ್ಟೆಗಿಲ್ಲದೆ ಪಟ್ಟ ಪಾಡನ್ನು ಇವರು ಹೇಳಿಕೊಳ್ಳುತ್ತಿದ್ದರೆ, ಮಕ್ಕಳು ಕೂತಲ್ಲೇ ತೂಕಡಿಸುತ್ತಾರೆ. ನಗಬೇಕೋ ಅಳಬೇಕೋ ಗೊತ್ತಾಗುವುದಿಲ್ಲ. ಆಮೇಲೆ ನದಿಯಿಂದ ಎದ್ದು ಬಂದ ರಾಕ್ಷಸ ಪ್ರಾಣಿಯ ಎದುರು ಬಂದೂಕು ಹಿಡಿದು ನಿಲ್ಲುತ್ತಾರೆ. ಗುಂಡು ಎಣಿಸುವಾಗ ಮಗ ತಪ್ಪಿದ್ದಾನೆ, ಬಂದೂಕು ಖಾಲಿ. ಓಡುವುದಿಲ್ಲ, ಕಿರುಚುವುದಿಲ್ಲ. ಮಕ್ಕಳ ಕಡೆ ತಿರುಗಿ, ಹೋಗಿ ಹೋಗಿ ಅಂತ ಕೈ ಬೀಸುತ್ತಾರೆ, ಅಷ್ಟೇ. ಆ ವರ್ಷ, ಅಂದರೆ 2006ರಲ್ಲಿ, ಕೊರಿಯಾದ ಬ್ಲೂ ಡ್ರಾಗನ್ ಚಿತ್ರ ಪ್ರಶಸ್ತಿಗಳಲ್ಲಿ ಪೋಷಕ ನಟ ಪ್ರಶಸ್ತಿ ಅವರಿಗೇ ಬಂತು. 'ಓಕ್ಜಾ' ತಂಡದ ಜೊತೆ ಕಾನ್ ಚಿತ್ರೋತ್ಸವಕ್ಕೆ ಹೋದಾಗ ವಯಸ್ಸು 74.

ನಮ್ಮಲ್ಲಿ ಈ ಹೆಸರಿನ ವಿಷಯ ತಿರುಗಾಮುರುಗ. 1972ರ 'ನಾಗರಹಾವು' ಬಂದ ಮೇಲೆ ಕೆ.ಎಸ್. ಅಶ್ವತ್ಥ್ ಜನರ ಬಾಯಲ್ಲಿ ಚಾಮಯ್ಯ ಮೇಷ್ಟ್ರೇ ಆಗಿಬಿಟ್ಟರು. ನಮ್ಮಮ್ಮ ಈಗಲೂ ಫೋನಿನಲ್ಲಿ ಹಾಗೇ ಹೇಳುತ್ತಾರೆ. ಅದೂ ಪ್ರೀತಿಯೇ, ಅಲ್ವಾ? ಆದರೆ ಅದು ಪ್ರೇಕ್ಷಕರ ಪ್ರೀತಿ. ಚಿತ್ರರಂಗ ಮಾತ್ರ ಅವರಿಗೆ ಅಪ್ಪನ ಪಾತ್ರದ ಮೇಲೆ ಅಪ್ಪನ ಪಾತ್ರ ಕೊಡುತ್ತಾ ಹೋಯಿತು. ಅವರು ಒಂದನ್ನೂ ಕೆಡಿಸಲಿಲ್ಲ, ಅದು ಬೇರೆ ಮಾತು. ಈ ಮನುಷ್ಯನಿಂದ ಇನ್ನೇನು ಮಾಡಿಸಬಹುದು ಅಂತ ಕೂತು ಬರೆದವರು ಕಡಿಮೆ.

ಇಲ್ಲವೇ ಇಲ್ಲ ಅಂತಲ್ಲ. ನಮ್ಮ ದತ್ತಣ್ಣ ಕೂಡ 1942ರಲ್ಲೇ ಹುಟ್ಟಿದವರು. ಪಿ. ಶೇಷಾದ್ರಿ 'ಭಾರತ್ ಸ್ಟೋರ್ಸ್'ನಲ್ಲಿ ಅವರನ್ನು ದಿನಸಿ ಅಂಗಡಿ ಗಲ್ಲಾದಲ್ಲಿ ಕೂರಿಸಿ, ಇಡೀ ಸಿನಿಮಾನೇ ಅವರ ಹೆಗಲಿಗೆ ಹಾಕಿದರು. ಆದರೆ ಅಂಥ ಸಿನಿಮಾ ಎಷ್ಟು ಜನಕ್ಕೆ ತಲುಪುತ್ತದೆ ಹೇಳಿ. 'ದಿ ಹೋಸ್ಟ್' ರಾಕ್ಷಸ ಪ್ರಾಣಿಯ ಮಾಸ್ ಸಿನಿಮಾ. ಐದು ಕೋಟಿಯಷ್ಟು ಜನರಿರುವ ದೇಶದಲ್ಲಿ ಸುಮಾರು 1 ಕೋಟಿ 30 ಲಕ್ಷ ಟಿಕೆಟ್ ಮಾರಾಟವಾಯಿತು. ಅದರ ನಟ್ಟನಡುವೆಯೇ ಆ ಮುದುಕನಿಗೆ ಅಷ್ಟು ಜಾಗ ಕೊಟ್ಟಿದ್ದರು. ನಮ್ಮ ದೊಡ್ಡ ಬಜೆಟ್ ಸಿನಿಮಾದಲ್ಲಿ ದತ್ತಣ್ಣನಿಗೆ ಹಾಗೊಂದು ಪಾತ್ರ ಯಾವಾಗ ಬರೆಯುತ್ತಾರೋ ನೋಡಬೇಕು.