ಮೈನಸ್ ಏಳು ಇಂಟು ಮೈನಸ್ ಎಂಟು

ನಮ್ಮ ಮನೆಯ ಹಾಲಿನ ಪಾತ್ರೆಯ ಮುಚ್ಚಳಕ್ಕೆ ನಲವತ್ತೆಂಟು ಸಾವಿರ ರೂಪಾಯಿ. ಹತ್ತಿಂಚಿನದು, ಕಪ್ಪು ಬಣ್ಣ, ಬೆನ್ನಿನ ಮೇಲೆ ಹಲ್ಲು ಕಿರಿಯುವ ಮಗುವಿನ ಚಿತ್ರ. ಸ್ಟೀಲ್ ತಟ್ಟೆ ಮುಚ್ಚಿದರೆ ಬೆಕ್ಕು ತಳ್ಳಿಬಿಡುತ್ತಿತ್ತು, ಇದಾದರೆ ಭಾರವಾಗಿ ಕೂರುತ್ತದೆ. 'ಓದಿಗೆ ಅಂತ ಹಾಕಿದ ದುಡ್ಡು ಯಾವತ್ತೂ ದಂಡವಾಗಲ್ಲ ನೋಡು' ಎಂದು ನಮ್ಮಮ್ಮ ಹಾಲು ಕಾಯಿಸಿ ಇಳಿಸಿದಾಗಲೆಲ್ಲ ಹೇಳುತ್ತಾಳೆ. ಅದು ಹೊಗಳಿಕೆಯೋ ಚುಚ್ಚೋ ನನಗಿನ್ನೂ ಗೊತ್ತಾಗಿಲ್ಲ.

ಆ ಮುಚ್ಚಳ ಮೂಲತಃ ಒಂದು ಟ್ಯಾಬು. 2021ರ ಜುಲೈಯಲ್ಲಿ, ಎರಡನೇ ಲಾಕ್‌ಡೌನ್ ಆಗಷ್ಟೇ ಸಡಿಲವಾಗಿದ್ದಾಗ, ಹಾಸನದ ನಮ್ಮ ಮನೆ ಬಾಗಿಲಿಗೆ ಟೈ ಕಟ್ಟಿ ಮಾಸ್ಕ್ ಹಾಕಿದ ಹುಡುಗನೊಬ್ಬ ಬಂದ. ಬಿಡಿಎ ಅಂತ ಪರಿಚಯ ಹೇಳಿಕೊಂಡ. ಬಿಡಿಎ ಅಂದರೆ ಸೈಟ್ ಹಂಚುವವರು ಎಂದೇ ತಿಳಿದಿದ್ದ ನಾನು ಸಡಗರದಿಂದ ಕುರ್ಚಿ ಹಾಕಿದೆ. ಇವನು ಬಿಸಿನೆಸ್ ಡೆವಲಪ್‌ಮೆಂಟ್ ಅಸೋಸಿಯೇಟ್. ಹಂಚುತ್ತಿದ್ದದ್ದು ಸೈಟಲ್ಲ, ಭವಿಷ್ಯ.

ಟ್ಯಾಬಿನಲ್ಲಿ ಪಾಠ ತುಂಬಿಸಿ ಮಾರುವ ಎಡ್‌ಟೆಕ್ ಕಂಪನಿ, ಹೆಸರು ಬೇಡ. ದೊಡ್ಡದೇನಲ್ಲ, ಹುಲಿಗಳನ್ನು ನೋಡಿ ಬರೆ ಹಾಕಿಕೊಂಡ ನರಿ ಅದು. ಆದರೆ ಹುಡುಗ ಮಾತ್ರ ಪಳಗಿದವನು. ಏಳನೇ ಕ್ಲಾಸಿನ ನಮ್ಮ ಮಗಳನ್ನು ಕರೆದು ಕೇಳಿದ್ದು ಒಂದೇ ಪ್ರಶ್ನೆ: 'ಪುಟ್ಟಾ, ಮೈನಸ್ ಏಳನ್ನ ಮೈನಸ್ ಎಂಟರಿಂದ ಗುಣಿಸಿದರೆ ಎಷ್ಟು?' ಅವಳು 'ಮೈನಸ್ ಐವತ್ತಾರು' ಅಂದಳು. ಅವನು ತಪ್ಪು ಅನ್ನಲಿಲ್ಲ. ನಿಧಾನವಾಗಿ ನನ್ನ ಹೆಂಡತಿಯ ಕಡೆ ತಿರುಗಿ ಎರಡು ಸೆಕೆಂಡು ಸುಮ್ಮನೆ ಕೂತ. ಎಕ್ಸ್‌ರೇಯನ್ನು ಬೆಳಕಿಗೆ ಹಿಡಿದ ಡಾಕ್ಟರು ಕೂರುತ್ತಾರಲ್ಲ, ಹಾಗೆ. ಆಮೇಲೆ ಮೆಲ್ಲಗೆ, 'ಬೇಸಿಕ್ಸ್ ಇಲ್ಲ ಮೇಡಂ' ಅಂದ.

ಎರಡು ಸೆಕೆಂಡಿನ ಆ ಮೌನಕ್ಕೆ ನಾವು ಕೊಟ್ಟ ಬೆಲೆ ತಿಂಗಳಿಗೆ ಎರಡು ಸಾವಿರದಂತೆ ಇಪ್ಪತ್ನಾಲ್ಕು ಕಂತು. 'ಇದು ಸಾಲ ಅಲ್ಲ ಸಾರ್, ಈಸಿ ಇಎಂಐ' ಅಂದ. ಪ್ಯಾನ್ ಕಾರ್ಡಿನ ಫೋಟೋ ತೆಗೆದ. 'ಓಟಿಪಿ ಬಂತಾ ಸಾರ್?' ಅಂದ. ಬಂದಿತ್ತು. ಹೇಳಿದೆ. ಅಲ್ಲಿಗೆ ಮಗಳ ಬೇಸಿಕ್ಸ್‌ಗೂ ಯಾವುದೋ ಫೈನಾನ್ಸ್ ಕಂಪನಿಗೂ ಕಂಕಣ ಕಟ್ಟಿತು. ಕಂಪನಿಗೆ ಪೂರ್ತಿ ದುಡ್ಡು ಅವತ್ತೇ ಮುಟ್ಟುತ್ತದೆ, ಸಾಲಗಾರರು ಮಾತ್ರ ನಾವು ಎಂಬ ಬೇಸಿಕ್ಸ್ ನಮಗೆ ಗೊತ್ತಿರಲಿಲ್ಲ. ಹದಿನೈದು ದಿನದಲ್ಲಿ ಬೇಡ ಅಂದರೆ ಹಣ ವಾಪಸ್ ಎಂಬ ಮಾತಿತ್ತು. ಹನ್ನೆರಡನೇ ದಿನ ಫೋನ್ ಮಾಡಿದಾಗ, 'ಮಗುಗೆ ಇನ್ನೂ ಸೆಟ್ ಆಗಿಲ್ಲ ಸಾರ್, ಒಂದು ವಾರ ನೋಡಿ' ಅಂದರು. ಹತ್ತೊಂಬತ್ತನೇ ದಿನ, 'ಹದಿನೈದು ದಿನ ಮುಗೀತಲ್ಲ ಸಾರ್' ಅಂದರು. ಮಧ್ಯೆ ಹೋಲ್ಡ್‌ನಲ್ಲಿ ಕೇಳಿಸಿದ ಪಿಟೀಲು ನನಗೀಗ ಬಾಯಿಪಾಠ. ಎಡ್‌ಟೆಕ್‌ನಿಂದ ನಮ್ಮ ಮನೆಯಲ್ಲಿ ಯಾರೂ ಏನೂ ಕಲಿಯಲಿಲ್ಲ ಅಂದರೆ ಸುಳ್ಳಾಗುತ್ತದೆ.

ಎಡ್‌ಟೆಕ್ ಕಂಪನಿಗಳ ಉಚಿತ ಆಫರ್, ಆಟೋ ಡೆಬಿಟ್‌ಗಳ ಬಗ್ಗೆ ಹುಷಾರಾಗಿರಿ ಎಂದು ಕೇಂದ್ರ ಶಿಕ್ಷಣ ಇಲಾಖೆ ಪೋಷಕರಿಗೆ ಎಚ್ಚರಿಕೆ ಕೊಟ್ಟಿತು. 2021ರ ಡಿಸೆಂಬರ್‌ನಲ್ಲಿ. ನಮ್ಮದು ಅಷ್ಟೊತ್ತಿಗೆ ಐದನೇ ಕಂತು ಹೋಗಿತ್ತು.

ಈಗ ಹುಲಿಗಳ ಕಡೆ ಬರೋಣ. ಬೆಂಗಳೂರಿನ ಬೈಜೂಸ್ 2015ರಲ್ಲಿ ಆ್ಯಪ್ ಬಿಟ್ಟಿತು, ಶಾರುಖ್ ಖಾನ್ ಕೈಲಿ ಜಾಹೀರಾತು ಮಾಡಿಸಿತು, 2019ರಲ್ಲಿ ಭಾರತ ಕ್ರಿಕೆಟ್ ತಂಡದ ಎದೆಯ ಮೇಲೇ ಹೋಗಿ ಕೂತಿತು. 2022ರಲ್ಲಿ ಅದರ ಬೆಲೆ 2,200 ಕೋಟಿ ಡಾಲರ್ ಅಂದರು. ಮಕ್ಕಳಿಗೆ ಲೆಕ್ಕ ಹೇಳಿಕೊಡುವ ಕಂಪನಿಯ ಸ್ವಂತ ಲೆಕ್ಕ ಮಾತ್ರ ಹೊರಗೆ ಬರಲೊಲ್ಲದು. 2021ರ ಮಾರ್ಚ್‌ಗೆ ಮುಗಿದ ವರ್ಷದ ಲೆಕ್ಕಪತ್ರ ಸಿಕ್ಕಿದ್ದು 2022ರ ಸೆಪ್ಟೆಂಬರ್‌ನಲ್ಲಿ. ಬೆಲ್ ಹೊಡೆದು ಹದಿನೆಂಟು ತಿಂಗಳ ಮೇಲೆ ಉತ್ತರಪತ್ರಿಕೆ ಕೊಟ್ಟ ಹಾಗೆ. ಅಂಕ ನೋಡಿದರೆ 4,588 ಕೋಟಿ ರೂಪಾಯಿ ನಷ್ಟ. ಮುಂದಿನ ವರ್ಷದ ಪೇಪರೂ ತಡ. 2023ರ ಜೂನ್‌ನಲ್ಲಿ ಕೊಠಡಿ ಮೇಲ್ವಿಚಾರಕರಾಗಿದ್ದ ಡೆಲಾಯ್ಟ್ ಆಡಿಟರುಗಳು ಕಾದೂ ಕಾದೂ ಎದ್ದು ಹೋದರು. ನಮ್ಮ ಕಾಲದ ಸಪ್ಲಿಮೆಂಟರಿಯಲ್ಲೂ ಹೀಗಾದದ್ದು ನಾನು ಕಾಣೆ.

ಅದಕ್ಕೂ ಮೊದಲು 2022ರ ಅಕ್ಟೋಬರ್‌ನಲ್ಲಿ, ಖರ್ಚು ಉಳಿಸಬೇಕು ಅಂತ 2,500 ಜನರನ್ನು ಕೆಲಸದಿಂದ ತೆಗೆಯುವುದಾಗಿ ಹೇಳಿದರು. ನವೆಂಬರ್ ಮೊದಲ ವಾರ ಲಿಯೊನೆಲ್ ಮೆಸ್ಸಿಯನ್ನು ರಾಯಭಾರಿ ಮಾಡಿಕೊಂಡರು. ಅದೇ ತಿಂಗಳು ಶುರುವಾದ ಕತಾರ್ ವಿಶ್ವಕಪ್‌ಗೆ ಮಾರ್ಚ್‌ನಲ್ಲೇ ಪ್ರಾಯೋಜಕರಾಗಿದ್ದರು. ಮೆಸ್ಸಿಯಿಂದ ಹಾಸನದ ಮಕ್ಕಳ ಬೀಜಗಣಿತಕ್ಕೆ ಏನಾಗಬೇಕಿತ್ತೋ ಗೊತ್ತಿಲ್ಲ. ಇತ್ತ ಯಾವ ಜೆರ್ಸಿಯ ಮೇಲೆ ಹೆಸರು ಬರೆಸಿಕೊಂಡಿದ್ದರೋ ಆ ಬಿಸಿಸಿಐನೇ 158 ಕೋಟಿ ರೂಪಾಯಿ ಬಾಕಿ ಅಂತ ಅರ್ಜಿ ಹಾಕಿ, 2024ರ ಜುಲೈಯಲ್ಲಿ ಕಂಪನಿ ವ್ಯಾಜ್ಯಗಳನ್ನು ನೋಡುವ ನ್ಯಾಯಮಂಡಳಿ, ಬೆಂಗಳೂರಿನ ಎನ್‌ಸಿಎಲ್‌ಟಿ, ದಿವಾಳಿ ಪ್ರಕ್ರಿಯೆ ಶುರು ಮಾಡಿತು. ಕಂಪನಿಯ ಬೆಲೆ ಈಗ ಸೊನ್ನೆ ಎಂದು ಅದೇ ವರ್ಷ ಅಕ್ಟೋಬರ್‌ನಲ್ಲಿ ಸ್ಥಾಪಕರೇ ಹೇಳಿದರು. ಡಾಲರ್ ಲೆಕ್ಕದಲ್ಲಿ 22ರ ಬಲಕ್ಕೆ ಒಂಬತ್ತು ಸೊನ್ನೆಗಳಿದ್ದವು. 22 ಉದುರಿತು, ಸೊನ್ನೆಗಳಿಗೆ ಏನೂ ಆಗಿಲ್ಲ, ಎಲ್ಲ ಹಾಗೇ ಇವೆ.

ಬೈಜೂಸ್ 2020ರಲ್ಲಿ 30 ಕೋಟಿ ಡಾಲರ್ ಕೊಟ್ಟು ಕೊಂಡ ವೈಟ್‌ಹ್ಯಾಟ್ ಜೂನಿಯರ್ ನೆನಪಿರಬೇಕು. ಹಲ್ಲು ಬೀಳುವ ವಯಸ್ಸಿನ ಮಕ್ಕಳಿಗೆ ಕೋಡಿಂಗ್ ಕಲಿಸುತ್ತಿದ್ದವರು. ಅವರ ಜಾಹೀರಾತಿನಲ್ಲಿ ವುಲ್ಫ್ ಗುಪ್ತಾ ಅಂತ ಒಬ್ಬ ಬಾಲಕ ಬರುತ್ತಿದ್ದ. ಕೋಡಿಂಗ್ ಕಲಿತು ಗೂಗಲ್‌ನಲ್ಲಿ ಕೋಟಿ ಲೆಕ್ಕದ ಸಂಬಳ ಗಿಟ್ಟಿಸಿದವನು. ಒಂದು ಜಾಹೀರಾತಿನಲ್ಲಿ ಒಂದು ವಯಸ್ಸು, ಇನ್ನೊಂದರಲ್ಲಿ ಇನ್ನೊಂದು. ಸಂಬಳವೂ ಬದಲಾಗುತ್ತಿತ್ತು. ಆಮೇಲೆ ನೋಡಿದರೆ ಆ ಹುಡುಗನೇ ಇಲ್ಲ, ಕಲ್ಪನೆಯ ಕೂಸು! 'ತೋಳ ಬಂತು ತೋಳ' ಕಥೆಯಲ್ಲಿ ಕೊನೆಗಾದರೂ ನಿಜವಾದ ತೋಳ ಬರುತ್ತದೆ, ಇಲ್ಲಿ ಅದೂ ಬರಲಿಲ್ಲ. ಬಂದದ್ದು ಕೋರ್ಟಿನ ನೋಟಿಸು, ಅದೂ ಕಂಪನಿಯನ್ನು ಟೀಕಿಸುತ್ತಿದ್ದ ಒಬ್ಬ ಎಂಜಿನಿಯರ್‌ಗೆ: 20 ಕೋಟಿ ರೂಪಾಯಿಯ ಮಾನನಷ್ಟ ಮೊಕದ್ದಮೆ. 2021ರಲ್ಲಿ ಅದನ್ನು ವಾಪಸ್ ತೆಗೆದುಕೊಂಡರು. ಇಲ್ಲದ ಹುಡುಗನ ಮಾನ ಎಷ್ಟು ನಷ್ಟವಾಗಿತ್ತು ಅನ್ನುವುದು ಇತ್ಯರ್ಥವಾಗದೇ ಉಳಿಯಿತು.

ಈ ಬೆಳವಣಿಗೆಗೆಲ್ಲ ಗೊಬ್ಬರ ಕೊರೊನಾ ಅನ್ನುತ್ತಾರೆ, ಇರಬಹುದು. ಆದರೆ ಆ ದಿನಗಳ ಕರ್ನಾಟಕವನ್ನು ಒಂದು ಸಲ ನೆನಪಿಸಿಕೊಳ್ಳಿ. 2020ರ ಜೂನ್‌ನಲ್ಲಿ ಸರ್ಕಾರ ಐದನೇ ಕ್ಲಾಸಿನವರೆಗೆ ಆನ್‌ಲೈನ್ ತರಗತಿಯೇ ಬೇಡ ಅಂದಿತು. ಆಮೇಲೆ ಏಳರವರೆಗೂ ಬೇಡ ಅಂದಿತು. ಜುಲೈಯಲ್ಲಿ ಹೈಕೋರ್ಟ್ ಅದಕ್ಕೆ ತಡೆ ಕೊಟ್ಟಿತು. ಆಗಸ್ಟ್‌ನಲ್ಲಿ ವಿದ್ಯಾಗಮ ಬಂತು: ಸರ್ಕಾರಿ ಶಾಲೆಯ ಮೇಷ್ಟ್ರುಗಳು ಅರಳಿಕಟ್ಟೆ, ಗುಡಿಯ ಜಗುಲಿ, ಮರದ ನೆರಳು ಹುಡುಕಿಕೊಂಡು ಹೋಗಿ ಪಾಠ ಮಾಡಿದರು. ಅಕ್ಟೋಬರ್‌ನಲ್ಲಿ ಅದೂ ನಿಂತಿತು. ಮರುವರ್ಷ ಮಳೆಗಾಲದಲ್ಲಿ ಸುಳ್ಯ ತಾಲೂಕಿನ ಒಂದು ಫೋಟೋ ಎಲ್ಲರ ಮೊಬೈಲಿಗೂ ಬಂತು. ಸಿಗ್ನಲ್ ಸಿಗುವ ರಸ್ತೆಬದಿಯಲ್ಲಿ ಹುಡುಗಿಯೊಬ್ಬಳು ಕೂತು ಆನ್‌ಲೈನ್ ಪಾಠ ಕೇಳುತ್ತಿದ್ದಾಳೆ, ಸುರಿಯುವ ಮಳೆಯಲ್ಲಿ ಅಪ್ಪ ಕೊಡೆ ಹಿಡಿದು ನಿಂತಿದ್ದಾನೆ. ಬೆಂಗಳೂರು, ಮುಂಬೈಗಳಲ್ಲಿ ಅದೇ ಹೊತ್ತಿಗೆ ಒಂದಾದ ಮೇಲೊಂದು ಎಡ್‌ಟೆಕ್ ಕಂಪನಿ ಯೂನಿಕಾರ್ನ್, ಅಂದರೆ ನೂರು ಕೋಟಿ ಡಾಲರ್ ಬೆಲೆಯ ಕಂಪನಿ, ಆಗುತ್ತಿತ್ತು. ಅಲ್ಲಿ ಒಂದು ಕೊಂಬಿನ ಕುದುರೆ, ಇಲ್ಲಿ ಒಂದು ಕಡ್ಡಿ ಸಿಗ್ನಲ್ಲು. ನಮ್ಮ ರಾಜ್ಯದ ಡಿಜಿಟಲ್ ಶಿಕ್ಷಣದ ಪ್ರಗತಿ ವರದಿಗೆ ಮುಖಪುಟ ಬೇಕಿದ್ದರೆ ಆ ಕೊಡೆಯ ಚಿತ್ರ ಸಾಕು.

ಇನ್ನು ಮೈನಸ್ಸಿನ ವಿಷಯ. ನಮ್ಮ ಟ್ಯಾಬಿನಲ್ಲಿ ಅದಕ್ಕೊಂದು ವಿಡಿಯೋ ಇತ್ತು. ಎರಡು ಬಾಹ್ಯಾಕಾಶ ನೌಕೆಗಳು ಹಿಮ್ಮುಖವಾಗಿ ಹಾರಿ ಡಿಕ್ಕಿ ಹೊಡೆದು ಪ್ಲಸ್ ಚಿಹ್ನೆಯಾಗುತ್ತಿದ್ದವು. ಮಗಳು ಹನ್ನೊಂದು ಸಲ ನೋಡಿದಳು, ಡಿಕ್ಕಿ ಅಷ್ಟು ಚೆನ್ನಾಗಿತ್ತು. ಗುಣಾಕಾರ ಮಾತ್ರ ಮೈನಸ್ ಐವತ್ತಾರರಲ್ಲೇ ನಿಂತಿತ್ತು.

ನಮ್ಮ ಬೀದಿಯ ತುದಿಯಲ್ಲಿ ರಿಟೈರಾದ ಗಣಿತದ ಮೇಷ್ಟ್ರೊಬ್ಬರಿದ್ದರು. ತಿಂಗಳಿಗೆ ಮುನ್ನೂರು ರೂಪಾಯಿ, ಅದನ್ನೂ ಕೇಳಲು ನಾಚಿಕೊಳ್ಳುತ್ತಿದ್ದರು. ಗೋಡೆಗೆ ಕಪ್ಪು ಬಣ್ಣ ಬಳಿದದ್ದೇ ಬೋರ್ಡು. ಶಾಲೆ ಮತ್ತೆ ಶುರುವಾದ ಮೇಲೆ ಒಂದು ಸಂಜೆ ಮಗಳನ್ನು ಕರೆದುಕೊಂಡು ಹೋದೆ. ಅವರು ಸೀಮೆಸುಣ್ಣ ಕೂಡ ಎತ್ತಲಿಲ್ಲ.

'ನಿಮ್ಮಪ್ಪ ಆ ಟ್ಯಾಬಿಗೆ ಕಂತು ಕಟ್ತಾನಲ್ಲವೇನೇ? ತಿಂಗಳಿಗೆ ಏಳು ರೂಪಾಯಿ ಅಂತ ಇಟ್ಕೊ. ಕೈಯಿಂದ ಹೋಗೋದು, ಅದಕ್ಕೇ ಮೈನಸ್ ಏಳು. ಈಗ ಕಂಪನಿಯವನು ದೊಡ್ಡ ಮನಸ್ಸು ಮಾಡಿ ಎಂಟು ಕಂತು ತೆಗೆದುಹಾಕಿದ ಅಂತ ಇಟ್ಕೊ. ಅವನು ಮಾಡಲ್ಲ, ಸುಮ್ಮನೆ ಇಟ್ಕೊ. ತೆಗೆದದ್ದು ಎಂಟು, ಅದು ಮೈನಸ್ ಎಂಟು. ನಿಮ್ಮಪ್ಪನಿಗೆ ಲಾಭವೋ ನಷ್ಟವೋ?'

'ಲಾಭ ಸಾರ್.'

'ಎಷ್ಟು?'

'ಐವತ್ತಾರು.'

'ಹೋಗು, ಆಟ ಆಡ್ಕೋ.'

ಹೀಗೆ ನಾನು ಕಟ್ಟಿದ ಕಂತು ಕೊನೆಗೂ ಮಗಳಿಗೆ ಗಣಿತ ಕಲಿಸಿತು. ಕಂಪನಿಯ ಸಾಧನೆಯ ಪಟ್ಟಿಯಲ್ಲಿ ಇದನ್ನು ಸೇರಿಸಿಕೊಳ್ಳಲು ನನ್ನ ಅಭ್ಯಂತರವಿರಲಿಲ್ಲ, ಆದರೆ ಅಷ್ಟರಲ್ಲಿ ಅದು ಬಾಗಿಲು ಹಾಕಿತ್ತು. ಆ ಟ್ಯಾಬಿನಲ್ಲಿ ಅವರ ಆ್ಯಪ್ ಬಿಟ್ಟರೆ ಬೇರೇನೂ ಓಡದಂತೆ ಬೀಗ ಹಾಕಿದ್ದರು. ಸರ್ವರ್ ನಿಂತಿತು, ಟ್ಯಾಬು ಕಲ್ಲಾಯಿತು, ಅಮ್ಮ ಹಾಲಿನ ಮೇಲೆ ಮುಚ್ಚಿದಳು. ಕಂತು ಮಾತ್ರ 2023ರ ಜುಲೈವರೆಗೂ ತಿಂಗಳ ಐದನೇ ತಾರೀಕು ತಪ್ಪದೇ ಹೋಗುತ್ತಿತ್ತು. ಕಂಪನಿ ಸತ್ತರೂ ಸಾಲಕ್ಕೆ ಸಾವಿಲ್ಲ.

ಇಷ್ಟೆಲ್ಲ ಆದ ಮೇಲೆ ಉದ್ಯಮ ಕಂಡುಹಿಡಿದ ಹೊಸ ಟ್ರೆಂಡ್ ಏನು ಗೊತ್ತೇ? ಬೆಂಚು. ಕ್ಲಾಸ್‌ರೂಮಿನ ಕಾಲ ಮುಗಿಯಿತು ಎಂದು ಊರೆಲ್ಲ ಡಂಗುರ ಹೊಡೆದ ಈ ಉದ್ಯಮದಲ್ಲಿ, ಬೈಜೂಸ್‌ನವರು 2021ರಲ್ಲಿ, 1988ರಿಂದ ಕ್ಲಾಸ್‌ರೂಮಿನಲ್ಲೇ ಪಾಠ ಮಾಡುತ್ತಿದ್ದ ಆಕಾಶ್ ಸಂಸ್ಥೆಯನ್ನು ಸುಮಾರು ನೂರು ಕೋಟಿ ಡಾಲರ್‌ಗೆ ಕೊಂಡರು. ಆನ್‌ಲೈನ್ ಪಾಠದ ಅನ್‌ಅಕಾಡೆಮಿ 2022ರಲ್ಲಿ ಕೋಚಿಂಗ್‌ಗೇ ಹೆಸರಾದ ರಾಜಸ್ಥಾನದ ಕೋಟಾಕ್ಕೆ ಹೋಗಿ ಕೋಚಿಂಗ್ ಸೆಂಟರ್ ತೆರೆಯಿತು, ಅದು ಒಕ್ಕಲಿಗನಿಗೆ ರಾಗಿ ಮಾರಲು ಹೋದ ಹಾಗೆ. ಯೂಟ್ಯೂಬಿನಲ್ಲಿ ಹುಟ್ಟಿದ ಫಿಸಿಕ್ಸ್‌ವಾಲಾ 2025ರ ನವೆಂಬರ್‌ನಲ್ಲಿ ಷೇರುಪೇಟೆಗೆ ಬಂದಾಗ ಅದರ ಆದಾಯದ ಹತ್ತಿರಹತ್ತಿರ ಅರ್ಧ ಆಫ್‌ಲೈನ್ ಸೆಂಟರ್‌ಗಳದ್ದು. ಜನರಿಂದ ಎತ್ತಿದ ದುಡ್ಡಲ್ಲಿ ಒಂದು ಪಾಲು ಇನ್ನಷ್ಟು ಸೆಂಟರ್ ಕಟ್ಟಲಿಕ್ಕೆ. ಈ ಬೆಂಚಿಗೆ ಈಗ ಹೆಸರು 'ಹೈಬ್ರಿಡ್'. ಟೊಮೆಟೊ, ಜೋಳದ ನಂತರ ಹೈಬ್ರಿಡ್ ಆದ ಮೂರನೇ ಬೆಳೆ ನಮ್ಮ ಮಕ್ಕಳು.

ಹೋದ ಜೂನ್‌ನಲ್ಲಿ ಹಾಸನಕ್ಕೂ ಬಂತು. ನಮ್ಮ ಬೀದಿಯ ಅಯ್ಯಂಗಾರ್ ಬೇಕರಿಯ ಮೇಲಿನ ಮಹಡಿಯಲ್ಲಿ ಬೋರ್ಡ್ ಬಿತ್ತು: 'ನಿಜವಾದ ತರಗತಿ. ನಿಜವಾದ ಶಿಕ್ಷಕರು.' ಇಷ್ಟು ದಿನ ಯಾರಿದ್ದರು ಎಂದು ಕೇಳಬೇಕು ಅನ್ನಿಸಿತು. ಮಗಳು ಈಗ ಮೊದಲ ಪಿಯುಸಿ, ಸೈನ್ಸು. ಹೆಂಡತಿ 'ಸುಮ್ಮನೆ ವಿಚಾರಿಸೋಣ' ಅಂದಳು. ಸುಮ್ಮನೆ ವಿಚಾರಿಸಿ ಸುಮ್ಮನೆ ಬಂದ ಇತಿಹಾಸ ನಮ್ಮ ಮನೆತನದಲ್ಲಿಲ್ಲ, ಆದರೂ ಮೆಟ್ಟಿಲು ಹತ್ತಿದೆವು. ಕೆಳಗಿಂದ ಖಾರಾ ಬನ್ನಿನ ಪರಿಮಳ ಬರುತ್ತಿತ್ತು. ಎಸಿ ರೂಮಿನೊಳಗೆ ಸಾಲಾಗಿ ಬೆಂಚು, ಗೋಡೆಗೆ ಬಿಳೀ ಬೋರ್ಡು, ಮೂಲೆಯಲ್ಲಿ ಸಿಸಿಟಿವಿ. ಮುಂದಿನ ಮೇಜಿನ ಹಿಂದೆ ಟೈ ಕಟ್ಟಿಕೊಂಡು ಕೂತಿದ್ದವನು ಅದೇ ಹುಡುಗ. ಆವತ್ತು ಮಾಸ್ಕ್ ಇತ್ತು, ಆದರೂ ಆ ದನಿಯನ್ನು ಮರೆಯುವುದು ಹೇಗೆ? ಸ್ವಲ್ಪ ದಪ್ಪಗಾಗಿದ್ದ. ನನ್ನ ಗುರುತು ಅವನಿಗೆ ಸಿಗಲಿಲ್ಲ.

'ಆನ್‌ಲೈನ್‌ನಲ್ಲಿ ಮಕ್ಕಳು ಕಲಿಯಲ್ಲ ಸಾರ್' ಎಂದು ಶುರು ಮಾಡಿದ. 'ಕಣ್ಣು ಹಾಳು, ಗಮನ ಹಾಳು. ಮೇಷ್ಟ್ರ ಎದುರಿಗೆ ಕೂತು ಕಲಿಯೋದೇ ಕಲಿಯೋದು. ಮಗಳಿಗೆ ಹದಿನಾರು ತುಂಬಿದೆ ತಾನೇ? 2024ರಿಂದ ಸೆಂಟ್ರಲ್ ಗೌರ್ಮೆಂಟ್ ಗೈಡ್‌ಲೈನ್ ಇದೆ ಸಾರ್, ಅದಕ್ಕಿಂತ ಚಿಕ್ಕವರನ್ನ ಸೇರಿಸೋ ಹಾಗಿಲ್ಲ. ರ‍್ಯಾಂಕ್ ಗ್ಯಾರಂಟಿ ಅಂತಾನೂ ಹಾಕೋ ಹಾಗಿಲ್ಲ. ಅದಕ್ಕೇ ರ‍್ಯಾಂಕ್ ಸಂಭ್ರಮ ಅಂತ ಹಾಕಿದ್ದೀವಿ.' ಫೀಸು ಬರೆದು ತೋರಿಸಿದ. ಕೆಳಗೆ ಹದಿನೆಂಟು ಪರ್ಸೆಂಟ್ ಜಿಎಸ್‌ಟಿ. ಎಐ ಟ್ಯೂಟರ್ ಉಚಿತವಂತೆ, ಸೀರೆಗೆ ಬ್ಲೌಸ್ ಪೀಸ್ ಕೊಟ್ಟ ಹಾಗೆ.

ಆಮೇಲೆ ಮಗಳ ಕಡೆ ತಿರುಗಿದ. 'ಪುಟ್ಟಾ, ಸುಮ್ಮನೆ ಒಂದು ಪ್ರಶ್ನೆ. ಮೈನಸ್ ಏಳನ್ನ ಮೈನಸ್ ಎಂಟರಿಂದ ಗುಣಿಸಿದರೆ?'

'ಐವತ್ತಾರು' ಅಂದಳು. ಕಣ್ಣು ಮಿಟುಕಿಸಲಿಲ್ಲ. ನಾನು ಎದೆಯುಬ್ಬಿಸಿ ಕುರ್ಚಿಗೆ ಒರಗಿದೆ.

ಹುಡುಗ ಸರಿ ಅನ್ನಲಿಲ್ಲ. ನಿಧಾನವಾಗಿ ನನ್ನ ಹೆಂಡತಿಯ ಕಡೆ ತಿರುಗಿ ಎರಡು ಸೆಕೆಂಡು ಸುಮ್ಮನೆ ಕೂತ.

'ಬೇಸಿಕ್ಸ್ ಚೆನ್ನಾಗಿದೆ ಮೇಡಂ' ಅಂದ ಮೆಲ್ಲಗೆ. 'ಬೇಸಿಕ್ಸ್ ಚೆನ್ನಾಗಿರೋ ಮಕ್ಕಳೇ ಓವರ್ ಕಾನ್ಫಿಡೆನ್ಸಲ್ಲಿ ಪಿಯುಸಿಯಲ್ಲಿ ಎಡವೋದು.'

ಹೆಂಡತಿ ನನ್ನ ಮುಖ ನೋಡಿದಳು. ನಾನು ಕೆಳಗಿನ ಬೇಕರಿಯ ಸದ್ದು ಕೇಳುತ್ತಿರುವವನಂತೆ ಕಿಟಕಿಯ ಕಡೆ ನೋಡಿದೆ. ಜೇಬಿನಲ್ಲಿ ಮೊಬೈಲು ಟಿಂಗ್ ಅಂದಿತು.

'ಓಟಿಪಿ ಬಂತಾ ಸಾರ್?'