ಎರಡನೇ ಸಿನಿಮಾ ಬರಲೇ ಇಲ್ಲ

ನಿನ್ನೆ ರಾತ್ರಿ ‘ಕಮೇಲಿಯನ್ ಸ್ಟ್ರೀಟ್’ ಸಿನಿಮಾ ಮೂರನೇ ಸಲ ನೋಡಿದೆ. ಆಮೇಲೆ ನಿದ್ದೆ ಹತ್ತಲಿಲ್ಲ. ಬರೆದರಾದರೂ ಸ್ವಲ್ಪ ಹಗುರಾಗುತ್ತೇನೋ ಅಂತ ಬರೀತಿದ್ದೀನಿ.

ವೆಂಡೆಲ್ ಬಿ. ಹ್ಯಾರಿಸ್ ಜೂನಿಯರ್. ಈ ಹೆಸರು ಸಿನಿಮಾ ಹುಚ್ಚಿರುವ ಎಷ್ಟೋ ಗೆಳೆಯರಿಗೂ ಗೊತ್ತಿಲ್ಲ. ಅಮೆರಿಕದ ಮಿಷಿಗನ್ ರಾಜ್ಯದ ಫ್ಲಿಂಟ್ ಊರಿನವರು, ಕಪ್ಪು ಜನಾಂಗದವರು, ನ್ಯೂಯಾರ್ಕ್‌ನ ಜೂಲಿಯಾರ್ಡ್ ಕಲಾಶಾಲೆಯಲ್ಲಿ ನಟನೆ ಕಲಿತವರು. 1989ರ ಈ ಚಿತ್ರಕ್ಕೆ ಕಥೆ ಬರೆದದ್ದು, ನಿರ್ದೇಶಿಸಿದ್ದು, ನಾಯಕನಾಗಿ ನಟಿಸಿದ್ದು ಎಲ್ಲ ಅವರೇ.

ಕಥೆ ನಿಜವಾಗಿ ನಡೆದದ್ದು. ಡೆಟ್ರಾಯ್ಟ್‌ನ ವಿಲಿಯಂ ಡಗ್ಲಸ್ ಸ್ಟ್ರೀಟ್ ಅನ್ನುವವನು ಒಮ್ಮೆ ವರದಿಗಾರನಾದ, ಒಮ್ಮೆ ಸರ್ಜನ್ ಆದ, ಯೇಲ್ ವಿಶ್ವವಿದ್ಯಾಲಯದಲ್ಲಿ ವಿದ್ಯಾರ್ಥಿಯಾದ, ವಕೀಲನೂ ಆದ. ಓದಿದ್ದು ಯಾವುದನ್ನೂ ಅಲ್ಲ, ಎಲ್ಲ ಬರೀ ವೇಷ. ಕಮೇಲಿಯನ್ ಅಂದರೆ ಗೋಸುಂಬೆ. ನಮ್ಮಲ್ಲಿ ಯಾರನ್ನಾದರೂ ಗೋಸುಂಬೆ ಅಂದರೆ ಅದು ಬೈಗುಳ, ಅಲ್ಲಿಗೆ ಮುಗೀತು. ಹ್ಯಾರಿಸ್ ಅಲ್ಲಿಂದ ಶುರು ಮಾಡ್ತಾರೆ. ಎದುರಿಗಿರೋರು ತನ್ನನ್ನ ಯಾರು ಅಂತ ನೋಡೋಕೆ ಬಯಸ್ತಾರೆ ಅನ್ನೋದು ಸ್ಟ್ರೀಟ್‌ಗೆ ನೋಡಿದ ಕೂಡಲೇ ತಿಳಿದುಬಿಡುತ್ತೆ. ಕಪ್ಪು ಮನುಷ್ಯನಿಗೆ ಆ ವಿದ್ಯೆ ಯಾಕೆ ಬೇಕಾಯ್ತು? ಇಡೀ ವಿಡಂಬನೆ ನಿಂತಿರೋದೇ ಆ ಪ್ರಶ್ನೆ ಮೇಲೆ.

ಒಂದು ದೃಶ್ಯ ಹೇಳಲೇಬೇಕು. ಸ್ಟ್ರೀಟ್ ಹೆಂಡತಿಯ ಜೊತೆ ಹೊರಗೆ ಬಂದು ಕೂತಿದ್ದಾನೆ. ಕುಡಿದ ಬಿಳಿಯನೊಬ್ಬ ಹತ್ತಿರ ಬಂದು ಹೊಲಸು ಮಾತು ಶುರು ಮಾಡ್ತಾನೆ. ಸ್ಟ್ರೀಟ್ ಕೈ ಎತ್ತಲ್ಲ, ದನಿಯನ್ನೂ ಎತ್ತಲ್ಲ. ಆ ಕುಡುಕ ಬಳಸಿದ ಬೈಗುಳವನ್ನೇ ತಗೊಂಡು, ಅದನ್ನ ಸರಿಯಾಗಿ ಬಳಸೋದು ಹೇಗೆ ಅಂತ ಮೇಷ್ಟ್ರ ಥರ ಬಿಡಿಸಿ ಬಿಡಿಸಿ ಹೇಳ್ತಾನೆ. ಭಾಷೆಯಲ್ಲಿ ಸ್ಟ್ರೀಟ್ ಗೆದ್ದಾಯ್ತು. ಆದರೆ ಏಟು ಬೀಳೋದು ಅವನಿಗೇ. ಪ್ರತಿ ಸಲ ಅಲ್ಲಿ ನನ್ನ ನಗು ಗಂಟಲಲ್ಲೇ ನಿಲ್ಲುತ್ತೆ. ಇಂಥದ್ದನ್ನ ಬರೆಯೋಕೆ ಎಂಥ ಕಿವಿ ಇರಬೇಕು ಯೋಚನೆ ಮಾಡಿ.

1990ರಲ್ಲಿ ಅಮೆರಿಕದ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಇದಕ್ಕೆ ತೀರ್ಪುಗಾರರ ಅತ್ಯುನ್ನತ ಪ್ರಶಸ್ತಿ ಬಂತು. ಅಂಥ ಪ್ರಶಸ್ತಿ ಬಂದರೆ ಮುಂದಿನ ಚಿತ್ರಕ್ಕೆ ದಾರಿ ಆಗುತ್ತೆ ಅಂತಲೇ ಎಲ್ಲರೂ ಅಂದ್ಕೊಳ್ಳೋದು. ಇಲ್ಲಿ ಆಗಿದ್ದೇ ಬೇರೆ. ದೊಡ್ಡ ಸ್ಟುಡಿಯೋ ವಾರ್ನರ್ ಬ್ರದರ್ಸ್ ಕೊಂಡದ್ದು ರೀಮೇಕ್ ಹಕ್ಕು. ಆ ರೀಮೇಕ್ ಬರಲಿಲ್ಲ, ಮೂಲ ಚಿತ್ರಕ್ಕೂ ಸರಿಯಾದ ಬಿಡುಗಡೆ ಸಿಗಲಿಲ್ಲ. ನಿನ್ನ ಕಥೆ ಚೆನ್ನಾಗಿದೆ, ನೀನು ಮಾತ್ರ ಬೇಡ ಅಂದ ಹಾಗಲ್ಲವಾ ಇದು? ಸೋತ ಚಿತ್ರಕ್ಕೆ ಹೀಗಾಗಿದ್ದರೆ ಸುಮ್ಮನಿರಬಹುದಿತ್ತು. ಗೆದ್ದ ಚಿತ್ರ ಇದು. 2021ರಲ್ಲಿ ಹೊಸದಾಗಿ ಸರಿಪಡಿಸಿದ ಪ್ರತಿ ಬಂತು, ಅದರಿಂದಲೇ ನನ್ನಂಥವರಿಗೆ ನೋಡೋಕೆ ಸಿಕ್ಕಿದ್ದು. ಮೂವತ್ತು ವರ್ಷ ಕಳೆದಿತ್ತು ಅಷ್ಟೊತ್ತಿಗೆ. ಹ್ಯಾರಿಸ್ ನಿರ್ದೇಶನದ ಇನ್ನೊಂದು ಕಥಾಚಿತ್ರ ತೆರೆಗೆ ಬರಲೇ ಇಲ್ಲ.

ಅವರಿಗೆ ಆ ಪ್ರಶಸ್ತಿ ಕೊಟ್ಟ ತೀರ್ಪುಗಾರರಲ್ಲಿ ನಿರ್ದೇಶಕ ಸ್ಟೀವನ್ ಸೋಡರ್‌ಬರ್ಗ್ ಕೂಡ ಇದ್ದರು. 1998ರಲ್ಲಿ ಸೋಡರ್‌ಬರ್ಗ್ ‘ಔಟ್ ಆಫ್ ಸೈಟ್’ ಮಾಡಿದಾಗ ಹ್ಯಾರಿಸ್ ಅವರನ್ನ ಕರೆದು ಎಫ್‌ಬಿಐ ಅಧಿಕಾರಿಯ ಒಂದು ಸಣ್ಣ ಪಾತ್ರ ಕೊಟ್ಟರು. ಇವತ್ತು ಬೆಳಿಗ್ಗೆ ಅದನ್ನ ಹುಡುಕಿ ಹಾಕಿಕೊಂಡೆ. ತೆರೆ ಮೇಲೆ ಇರೋದು ಸ್ವಲ್ಪ ಹೊತ್ತು. ಆ ತುಂಬಿದ, ನಿಧಾನದ ದನಿ ಮಾತ್ರ ಹಾಗೇ ಇದೆ.