ಕೊಚ್ಚಿಗೆ ಹೋಗೋಣ ಅಂದವರೆಲ್ಲ ಎಲ್ಲಿ?

ಗುಂಪಿನಲ್ಲಿ ನಿನ್ನೆ ಮತ್ತೆ ಅದೇ ಪ್ರಶ್ನೆ: "ಹಾಗಾದ್ರೆ ಗೋವಾಗೇ ಹೋಗೋಣ್ವಾ?" ಫೋನನ್ನು ಅರಬ್ಬಿ ಸಮುದ್ರಕ್ಕೇ ಎಸೆಯಬೇಕು ಅನ್ನಿಸಿತು. ವಾರಾಂತ್ಯಕ್ಕೆ ಫೋರ್ಟ್ ಕೊಚ್ಚಿ ಎಂದು ತೀರ್ಮಾನವಾಗಿ ಯುಗವಾಯಿತು. ಅಲ್ಲಿಂದ ಶುರುವಾಗಿದ್ದು ಬರೀ ಪಂಚಾಯಿತಿ.

ಶುಕ್ರವಾರವೇ ಹೊರಡೋಣ ಅಂತಾರೆ. ಶುಕ್ರವಾರ ಮಟ್ಟಂಚೇರಿ ಅರಮನೆಗೆ ರಜೆ. ಶನಿವಾರ ಎಂದರೆ 1568ರ ಪರದೇಸಿ ಸಿನಗಾಗ್‌ಗೆ, ಅಂದರೆ ಯಹೂದಿಗಳ ಪ್ರಾರ್ಥನಾಲಯಕ್ಕೆ ರಜೆ. ಭಾನುವಾರ ಬೆಳಿಗ್ಗೆ ಸೇಂಟ್ ಫ್ರಾನ್ಸಿಸ್ ಚರ್ಚಿನಲ್ಲಿ ಪ್ರಾರ್ಥನೆ. ಇಷ್ಟನ್ನೂ ಬಿಡಿಸಿ ಬರೆದು ಕಳಿಸಿದರೆ ಬಂದ ಉತ್ತರ? ಒಂದು ಹೆಬ್ಬೆರಳು. ಓದಿದ್ದಾರೋ ಇಲ್ವೋ ದೇವರೇ ಬಲ್ಲ. ಆಮೇಲೊಬ್ಬರು ಕೇಳುತ್ತಾರೆ, "ಆ ಚರ್ಚಲ್ಲಿ ವಾಸ್ಕೋ ಡ ಗಾಮನ ಸಮಾಧಿ ಇದೆ ಅಲ್ವಾ?" ಇದೆ ಮಾರಾಯರೇ, ಖಾಲಿ ಇದೆ. ಅವನು ಕೊಚ್ಚಿಯಲ್ಲಿ ಸತ್ತದ್ದು 1524ರಲ್ಲಿ. ಅಸ್ಥಿಯನ್ನು ಪೋರ್ಚುಗಲ್‌ಗೆ ಸಾಗಿಸಿಯೂ ಆಯಿತು. ಸತ್ತವನೇ ಊರು ಬಿಟ್ಟು ಹೊರಟ, ನಮ್ಮವರಿಗೆ ಮಾತ್ರ ಮನೆ ಬಿಡೋಕಾಗಲ್ಲ!

ರೂಮಿನ ಕಥೆ ಇನ್ನೂ ಚೆಂದ. ಒಬ್ಬರಿಗೆ ಡಚ್ಚರ ಕಾಲದ ಬಂಗಲೆಯೇ ಬೇಕು, ಆದರೆ ಹಳೇ ವಾಸನೆ ಬರಬಾರದು. ಇನ್ನೊಬ್ಬರಿಗೆ ಚೀನಾ ಬಲೆಗಳು ಕಿಟಕಿಯಿಂದಲೇ ಕಾಣಬೇಕು, ಮೀನಿನ ವಾಸನೆ ಮಾತ್ರ ಕೂಡದು. ಮೂಗನ್ನು ಮನೆಯಲ್ಲೇ ಬಿಟ್ಟು ಬನ್ನಿ ಅನ್ನಲಾ? ವಿಮಾನ ನಿಲ್ದಾಣದ ಪಕ್ಕದ ಅಗ್ಗದ ಲಾಡ್ಜಿನ ಲಿಂಕ್ ಹಾಕುವ ಜಾಣರೂ ಇದ್ದಾರೆ. ವಿಮಾನ ನಿಲ್ದಾಣ ಇರುವ ನೆಡುಂಬಾಶೇರಿಯಿಂದ ಫೋರ್ಟ್ ಕೊಚ್ಚಿಗೆ ಸುಮಾರು 40 ಕಿಲೋಮೀಟರ್ ಸ್ವಾಮಿ!

ಮುಂಗಡ ದುಡ್ಡು ಕೇಳಿದ ತಕ್ಷಣ ಎಲ್ಲರ ನೆಟ್‌ವರ್ಕೂ ಮಾಯ. ಟಿಕೆಟ್ ದರ ಏರುತ್ತಲೇ ಇದೆ. ಈಗ ಯಾರೋ ಬರೆದಿದ್ದಾರೆ, "ಜೂನ್‌ನಲ್ಲಿ ಹೋಗೋಣ, ಜನ ಕಡಿಮೆ." ಜೂನ್‌ನಲ್ಲಿ! ಕೇರಳಕ್ಕೆ!